ಸಾರು ಚೆಲ್ಲಿದ ಹಾಳೆ

ಸೂರ್ಯ ಕೇಳಿದ್ದು ಎರಡು ಪುಟ. ಪ್ರೇಮ್‌ಕುಮಾರ್ ಹನ್ನೊಂದು ಪುಟ ಬರೆದು, ಹನ್ನೆರಡನೆಯದರ ನೆತ್ತಿಯ ಮೇಲೆ ೧೯೯೨ ಎಂದು ಇಸವಿ ಹಾಕಿ, ಅಲ್ಲೇ ಕೂತುಬಿಟ್ಟಿದ್ದರು. ಹಾಗೆ ಕೂತು ಹತ್ತು ದಿನವಾಗಿತ್ತು. ಹಲಸೂರಿನ ಅವರ ಮನೆಯಲ್ಲಿ ಬುದ್ಧನ ಪಟದ ಕೆಳಗೊಂದು ಮೇಜು. ಮೇಜಿನ ಮೇಲೆ ಹಾಳೆ, ಹಾಳೆಯ ಮೇಲೆ ಪೆನ್ನು, ಪೆನ್ನಿನ ಮೇಲೆ ದಿನಕ್ಕಿಷ್ಟು ಧೂಳು.

ಸೂರ್ಯ ಅಂದರೆ ಮುನಿರಾಜಪ್ಪನವರ ಮೊಮ್ಮಗ. ರಾಮಮೂರ್ತಿ ನಗರದ ಆಚೆ, ಈಗ ಹೆಸರೂ ಉಳಿಯದ ಒಂದು ಹಳ್ಳಿಯಲ್ಲಿ ಮುನಿರಾಜಪ್ಪನವರಿಗೆ ದ್ರಾಕ್ಷಿ ತೋಟವಿತ್ತು. ಆ ತೋಟದ ನಡುವೆ ಇಪ್ಪತ್ತೈದು ವರ್ಷ ಒಂದು ರೆಕಾರ್ಡಿಂಗ್ ಸ್ಟುಡಿಯೋ ನಡೆಯಿತು. ಹಾಡುವವರು, ನುಡಿಸುವವರು ವಾರಗಟ್ಟಲೆ ಅಲ್ಲೇ ಉಂಡು, ಅಲ್ಲೇ ಮಲಗಿ, ಒಂದು ಕ್ಯಾಸೆಟ್ಟು ಪೂರ್ತಿ ಮುಗಿಸಿಕೊಂಡು ಹೋಗುವಂಥ ಸ್ಟುಡಿಯೋ. ಈಗ ಆ ಜಾಗದಲ್ಲಿ ಹದಿನಾಲ್ಕು ಮಹಡಿ ಏಳುತ್ತಿದೆ. ಅದರ ಗೇಟಿನ ಪಕ್ಕ ಕಪ್ಪು ಗ್ರಾನೈಟಿನ ಮೇಲೆ ಸ್ಟುಡಿಯೋದ ಚರಿತ್ರೆ ಕೆತ್ತಿಸಬೇಕೆಂದು ಸೂರ್ಯನಿಗೆ ಆಸೆ. ಫ್ಲ್ಯಾಟು ಕೊಳ್ಳುವವರಿಗೆ ಈಗ ಈಜುಕೊಳವೊಂದೇ ಸಾಲದು, ಸ್ವಲ್ಪ ಚರಿತ್ರೆಯೂ ಬೇಕು. ಅದನ್ನು ಬರೆಯಬಲ್ಲವರಲ್ಲಿ ಬದುಕಿ ಉಳಿದವರು ಪ್ರೇಮ್‌ಕುಮಾರ್ ಒಬ್ಬರೇ. ಮೊದಲ ದಿನದಿಂದ ಬೀಗ ಬಿದ್ದ ದಿನದವರೆಗೆ ಅಲ್ಲಿನ ಸೌಂಡ್ ಇಂಜಿನಿಯರ್ ಅವರೇ.

"ಅಂಕಲ್, ಆ ದೇವಿ ಹಾಡು ನಮ್ ಜಾಗದಲ್ಲೇ ರೆಕಾರ್ಡ್ ಆಗಿದ್ದು ಅನ್ನೋದೇ ಮೇನು," ಎಂದಿದ್ದ ಸೂರ್ಯ. "ಮೇಡಂ ಹೆಸ್ರು ದೊಡ್ಡದಾಗಿ ಬರ್ಬೇಕು. ಅವ್ರ ಮುಖಾನೂ ಕೆತ್ತಿಸ್ತೀನಿ. ಮಿಕ್ಕಿದ್ದೆಲ್ಲ ನೀವು ಹೆಂಗ್ ಬರದ್ರೂ ಓಕೆ."

ಮಿಕ್ಕಿದ್ದನ್ನೆಲ್ಲ ಪ್ರೇಮ್‌ಕುಮಾರ್ ಸಲೀಸಾಗಿ ಬರೆದಿದ್ದರು. ಶಿವಾಜಿನಗರದ ರೇಡಿಯೋ ರಿಪೇರಿ ಅಂಗಡಿಯಲ್ಲಿ ಬೆಸುಗೆ ಹಾಕುತ್ತಿದ್ದ ತಾವು ೧೯೮೪ರಲ್ಲಿ ಆ ತೋಟಕ್ಕೆ ಹೋದದ್ದು. ದ್ರಾಕ್ಷಿ ಬುಟ್ಟಿ ಇಡುತ್ತಿದ್ದ ನಾಲ್ಕು ಕೋಣೆಗಳನ್ನು ಸುಣ್ಣ ಬಳಿದು ಕಲಾವಿದರಿಗೆ ಮಲಗಲು ಬಿಟ್ಟದ್ದು. ಗೋಡೆಗೆ ಗೋಣಿ ಚೀಲ, ಅದರ ಮೇಲೆ ಶಿವಾಜಿನಗರದ ಹೋಟೆಲುಗಳಿಂದ ತಂದ ಮೊಟ್ಟೆಯ ಟ್ರೇ ಬಡಿದು ಪ್ರತಿಧ್ವನಿ ಕೊಂದದ್ದು. ಸಿಟಿಯ ಸ್ಟುಡಿಯೋಗಳಲ್ಲಿ ಗಂಟೆಗಿಷ್ಟು ಬಾಡಿಗೆ. ಅಲ್ಲಿ ಕಲಾವಿದರ ಒಂದು ಕಣ್ಣು ಯಾವಾಗಲೂ ಗೋಡೆಯ ಗಡಿಯಾರದ ಮೇಲೆ. ತೋಟದಲ್ಲಿ ಆ ಆತುರ ಇರಲಿಲ್ಲ.

ಸದ್ದು ಮಾತ್ರ ಇತ್ತು. ಹಳ್ಳಿ ಅಂದರೆ ನಿಶ್ಶಬ್ದ ಎಂದು ನಂಬಿರುವವರು ಹಳ್ಳಿಯಲ್ಲಿ ಒಂದು ದಿನವೂ ಮೈಕು ಆನ್ ಮಾಡಿ ನೋಡಿದವರಲ್ಲ. ಟೇಕ್ ಶುರುವಾಗುವ ಮುಂಚೆ ಬಿದಿರ ಗಳಕ್ಕೊಂದು ಕೆಂಪು ಟವೆಲ್ ಕಟ್ಟಿ ಎತ್ತುತ್ತಿದ್ದರು. ಅದು ಕಂಡರೆ ಅಕ್ಕಪಕ್ಕದ ಹೊಲದವರು ಪಂಪ್‌ಸೆಟ್ ನಿಲ್ಲಿಸಬೇಕು, ಬಟ್ಟೆ ಒಗೆಯುವವರು ಕಲ್ಲಿಗೆ ಬಡಿಯುವುದನ್ನು ಬಿಟ್ಟು ಹಾಗೇ ಕುಕ್ಕರಗಾಲಲ್ಲಿ ಕೂರಬೇಕು. ಪಾಪ, ಕೂರುತ್ತಿದ್ದರು. ಎಚ್‌ಎಎಲ್ ವಿಮಾನ ನಿಲ್ದಾಣದಿಂದ ಏಳುವ ವಿಮಾನಗಳ ಹೊತ್ತನ್ನು ಬರೆದು ದೇವರ ಪಟದ ಪಕ್ಕದಲ್ಲೇ ಅಂಟಿಸಿದ್ದರು. ಕಪ್ಪೆಗಳು ಮಾತ್ರ ಯಾವ ಟವೆಲಿಗೂ ಸೊಪ್ಪು ಹಾಕಲಿಲ್ಲ. ಆಮೇಲೆ ವಿಮಾನಗಳು ದೇವನಹಳ್ಳಿಗೆ ಹೋದವು, ಆಕಾಶ ಸುಮ್ಮನಾಯಿತು. ಅಷ್ಟು ಹೊತ್ತಿಗೆ ನೆಲದ ಮೇಲೆ ಬೋರ್‌ವೆಲ್ ಲಾರಿಗಳು ಬಂದಿದ್ದವು, ಕ್ಯಾಸೆಟ್ಟು ಸತ್ತಿತ್ತು, ಹಾಡುವವರು ತಂತಮ್ಮ ಮಲಗುವ ಕೋಣೆಯಲ್ಲೇ ಕಂಪ್ಯೂಟರಿಗೆ ಹಾಡಿಕೊಳ್ಳತೊಡಗಿದ್ದರು.

ಇದನ್ನೆಲ್ಲ ಬರೆಯುವಾಗ ಪ್ರೇಮ್‌ಕುಮಾರರಿಗೆ ಖುಷಿಯೇ ಆಗಿತ್ತು. ಬರೆಯಲಾಗದೆ ಕೈ ನಿಂತದ್ದು ಆ ದೇವಿಯ ಹಾಡಿನ ಹತ್ತಿರ. ಯಾಕೆಂದರೆ ಕ್ಯಾಸೆಟ್ಟಿನಲ್ಲಿ ಕೇಳುವ ಆ ಹಾಡು ಮದ್ರಾಸಿನ ದೊಡ್ಡ ಗಾಯಕಿ, ಆ ಮೇಡಂ ಹಾಡಿದ್ದಲ್ಲ. ಹಾಡಿದ್ದು ಸ್ಟುಡಿಯೋದ ಅಡುಗೆಯ ಪಟಾಲಮ್ಮ. ಈ ವಿಷಯ ಗೊತ್ತಿರುವ ಮನುಷ್ಯ ಭೂಮಿಯ ಮೇಲೆ ತಾವೊಬ್ಬರೇ ಎಂದು ಪ್ರೇಮ್‌ಕುಮಾರ್ ಮೂವತ್ತೆರಡು ವರ್ಷದಿಂದ ನಂಬಿದ್ದರು.

ಪಟಾಲಮ್ಮ ಮೊದಲು ತೋಟಕ್ಕೆ ಬಂದದ್ದು ದ್ರಾಕ್ಷಿ ಬಳ್ಳಿ ಸವರುವ ಕೂಲಿಗೆ. ಒಂದು ದಿನ ಅಡುಗೆಯವನು ಹೇಳದೆ ಕೇಳದೆ ಓಡಿಹೋದ. ಪಟಾಲಮ್ಮ ಮುದ್ದೆ, ಉಪ್ಸಾರು ಮಾಡಿ ಬಡಿಸಿದರು. ಕಂಟೋನ್ಮೆಂಟಿನ ಕೊಳಲಿನವರು, ಬೆನ್ಸನ್ ಟೌನಿನ ಗಿಟಾರಿನವರು, ಮದ್ರಾಸಿನ ವೀಣೆಯವರು, ಎಲ್ಲರೂ ಬೆರಳು ಚೀಪಿದರು. ಅವತ್ತಿನಿಂದ ಅಡುಗೆಮನೆ ಪಟಾಲಮ್ಮನದಾಯಿತು. ಮುನಿರಾಜಪ್ಪನವರು ಮಾತ್ರ ಕೊನೆಯವರೆಗೂ ತಮ್ಮ ಮನೆಯಿಂದಲೇ ಕ್ಯಾರಿಯರ್ ತರಿಸಿಕೊಂಡರು. ಪಟಾಲಮ್ಮ ಯಾವ ಕೇರಿಯವರು ಎನ್ನುವುದು ಅವರ ನಾಲಗೆಗೆ ಮರೆಯಲಿಲ್ಲ.

ಆಗಿನ ಕ್ಯಾಸೆಟ್ಟಿನ ಕೆಲಸದಲ್ಲಿ ಒಂದು ಪದ್ಧತಿ ಇತ್ತು. ದೊಡ್ಡ ಗಾಯಕಿಗೆ ಹಾಡು ಕಲಿಯುವಷ್ಟು ಪುರುಸೊತ್ತಿಲ್ಲ. ಹಾಗಾಗಿ ಮೊದಲು ಯಾರೋ ಚಿಕ್ಕಪುಟ್ಟ ಗಾಯಕಿ ಆ ಹಾಡನ್ನು ಟೇಪಿಗೆ ಹಾಡಿಡುತ್ತಾಳೆ. ಇದಕ್ಕೆ ಟ್ರ್ಯಾಕ್ ಹಾಡುವುದು ಎನ್ನುತ್ತಾರೆ. ದೊಡ್ಡವರು ಬಂದು ಕಿವಿಗೆ ಹೆಡ್‌ಫೋನು ಹಾಕಿಕೊಂಡು, ಅದನ್ನು ಕೇಳುತ್ತ ಕೇಳುತ್ತ ಅದೇ ತಿರುವು, ಅದೇ ನಿಲುಗಡೆಯಲ್ಲಿ ಟೇಪಿನ ಮೇಲಿನ ಇನ್ನೊಂದು ಪಟ್ಟಿಗೆ ಹಾಡುತ್ತಾರೆ; ಆ ಪಟ್ಟಿಗೂ ಟ್ರ್ಯಾಕ್ ಎಂದೇ ಹೆಸರು. ಆಮೇಲೆ ಚಿಕ್ಕವರ ದನಿಯನ್ನು ಅಳಿಸಿಬಿಡುತ್ತಾರೆ. ಯಾವ ದನಿ ಎಷ್ಟನೇ ಟ್ರ್ಯಾಕಿನಲ್ಲಿದೆ ಎನ್ನುವುದಕ್ಕೆ ಇರುವುದು ಒಂದೇ ದಾಖಲೆ, ಇಂಜಿನಿಯರ್ ಪೆನ್ಸಿಲಿನಲ್ಲಿ ಬರೆದಿಡುವ ಒಂದು ಹಾಳೆ.

೧೯೯೨ರ ಡಿಸೆಂಬರಿನಲ್ಲಿ ಬಸ್ ಮುಷ್ಕರ. ಟ್ರ್ಯಾಕ್ ಹಾಡುವ ಹುಡುಗಿ ಶಿವಾಜಿನಗರದಿಂದ ಬರಲೇ ಇಲ್ಲ. ಮೇಡಂ ಮಧ್ಯಾಹ್ನದ ವಿಮಾನಕ್ಕೆ ಇಳಿಯುವವರಿದ್ದರು. ಸಂಗೀತ ನಿರ್ದೇಶಕರು ತಲೆ ಮೇಲೆ ಕೈ ಹೊತ್ತು ಕೂತಿದ್ದಾಗ ಅಡುಗೆಮನೆಯ ಕಿಟಕಿಯಿಂದ ಅದೇ ಹಾಡು ಕೇಳಿಸಿತು. ನಾಲ್ಕು ದಿನದ ರಿಹರ್ಸಲನ್ನು ಒಗ್ಗರಣೆ ಹಾಕುತ್ತ ಕೇಳಿದ್ದ ಪಟಾಲಮ್ಮನಿಗೆ ಹಾಡು ಪೂರಾ ಬಾಯಿಗೆ ಬಂದುಬಿಟ್ಟಿತ್ತು. ಕರೆದು ಮೈಕಿನ ಮುಂದೆ ನಿಲ್ಲಿಸಿದರು. ಗಾಜಿನ ಬಳೆ ಸದ್ದಾಗುತ್ತದೆ, ತೆಗೆಯಿರಿ ಎಂದರೆ ಗಂಡ ಮುನಿಶಾಮಿ ಗುಂಡುಕಲ್ಲಿನ ಹಾಗಿರುವಾಗ ತೆಗೆಯುವುದಿಲ್ಲ ಎಂದು, ಮಸಿಬಟ್ಟೆಯನ್ನೇ ಮುಂಗೈಗೆ ಸುತ್ತಿಕೊಂಡು ಹಾಡಿದರು. ಒಂದೇ ಟೇಕು. ಹಾಡಿ, ಒಲೆಯ ಮೇಲೆ ಸಾರಿದೆ ಎಂದು ಓಡಿದರು. ಮಧ್ಯಾಹ್ನ ಮೇಡಂ ಬಂದು ಅದನ್ನು ಕೇಳಿ ಹಾಡಿ, ಸಂಜೆಯೇ ಹೊರಟರು.

ಇಂಜಿನಿಯರ್ ಆದವನು ದನಿ ಏರಿಸಿ ಇಳಿಸುವ ಕನ್ಸೋಲಿನ ಹತ್ತಿರ ಊಟ ಮಾಡಬಾರದು. ಪ್ರೇಮ್‌ಕುಮಾರ್ ಎಲ್ಲರಿಗೂ ಹೇಳುತ್ತಿದ್ದ ಮಾತು ಇದು. ಅವತ್ತು ಹಿತಕಿದ ಅವರೆಬೇಳೆಯ ಸಾರು. ಘಮ ತಡೆಯಲಾರದೆ ತಟ್ಟೆಯನ್ನು ಅಲ್ಲಿಗೇ ತರಿಸಿಕೊಂಡರು, ಅದು ಮೊಣಕೈಗೆ ತಾಗಿತು, ಸಾರು ಹಾಳೆಯ ಮೇಲೆ ಚೆಲ್ಲಿತು. ಪೆನ್ಸಿಲಿನ ಅಕ್ಷರ ಬೇಳೆಯ ಜೊತೆ ಒರೆಸಿಹೋಯಿತು. ಪರವಾಗಿಲ್ಲ, ನೆನಪಿದೆಯಲ್ಲ ಎಂದುಕೊಂಡರು. ಹತ್ತು ದಿನ ಬಿಟ್ಟು, ಇನ್ನೆರಡು ಕ್ಯಾಸೆಟ್ಟಿನ ಕೆಲಸ ಮುಗಿಸಿ, ದನಿ ವಾದ್ಯಗಳನ್ನೆಲ್ಲ ಬೆರೆಸುವ ಮಿಕ್ಸಿಂಗಿಗೆ ಕೂತಾಗ ನೆನಪು ಕೈಕೊಟ್ಟಿತ್ತು. ಟೇಪಿನಲ್ಲಿ ಎರಡು ಹೆಂಗಸಿನ ದನಿ. ಒಂದೇ ತಿರುವು, ಒಂದೇ ನಿಲುಗಡೆ. ಸಂಗೀತ ನಿರ್ದೇಶಕರನ್ನು ಕೇಳೋಣವೆಂದರೆ ಅವರು ಆಗಲೇ ಇನ್ನೊಂದು ಕೆಲಸಕ್ಕೆಂದು ಮದ್ರಾಸಿಗೆ ಹೋಗಿದ್ದರು. ಕೊನೆಗೆ ಕಿವಿಯನ್ನು ನಂಬಿ ಒಂದನ್ನು ಇಟ್ಟುಕೊಂಡು ಕ್ಯಾಸೆಟ್ಟು ಕಳಿಸಿದರು.

ಕ್ಯಾಸೆಟ್ಟು ಅಂಗಡಿಗಳಿಗೆ ಹೋಗಿ ಹದಿನೈದು ದಿನವಾದ ಮೇಲೆ, ಟೇಪನ್ನು ಮತ್ತೆ ಬಳಸಲೆಂದು ಬಿಟ್ಟ ದನಿಯನ್ನು ಅಳಿಸಲು ಹೊರಟರು. ಮಿಕ್ಸಿಂಗಿನಲ್ಲಿ ಹಾಡಿನಿಂದಲೇ ಕೇಳಿದ್ದರು; ಈಗ ಟೇಪನ್ನು ಮೊದಲಿನಿಂದ ಹಾಕಿದರೆ, ಹಾಡಿಗೆ ಮುಂಚಿನ ಖಾಲಿಯಲ್ಲಿ ಮೇಡಂ ಬಿಸಿ ನೀರು ಕೇಳುತ್ತಿದ್ದರು. ಬಿಟ್ಟದ್ದು ಮೇಡಂ ದನಿ, ಪ್ರೇಮ್‌ಕುಮಾರ್ ಕಳಿಸಿದ್ದು ಪಟಾಲಮ್ಮನದು. ಅರ್ಧ ಗಂಟೆ ಹಾಗೇ ಕೂತು, ಎದ್ದು ಬಾಗಿಲು ಹಾಕಿ ಬಂದು, ಮೇಡಂ ದನಿಯನ್ನು ಅಳಿಸಿಬಿಟ್ಟರು. ಕೆಲಸ ಹೋಗುತ್ತದೆ ಎಂಬ ಹೆದರಿಕೆಯಿಂದ ಎಂದು ತಮಗೆ ತಾವೇ ಹೇಳಿಕೊಂಡರು. ಅದು ಅರ್ಧ ಮಾತ್ರ ನಿಜ. ದೇಶವೇ ಮೆಚ್ಚಿದ ಗಾಯಕಿಯ ದನಿಗೂ ಅಡುಗೆಯವರ ದನಿಗೂ ವ್ಯತ್ಯಾಸ ತಿಳಿಯದ ಇವನೆಂಥ ಇಂಜಿನಿಯರ್ ಎಂದು ನಾಲ್ಕು ಜನ ನಕ್ಕಾರು ಎನ್ನುವ ನಾಚಿಕೆ ಇನ್ನರ್ಧ.

ಆ ಹಾಡು ಹೋದ ಹಾಗೆ ಇನ್ನೊಂದು ಹೋಗಲಿಲ್ಲ. ದಿನಕ್ಕೆ ನಾಲ್ಕೈದು ಹಾಡಿ ಮರೆಯುವ ಮೇಡಂ ಆಗಲಿ, ನಿರ್ದೇಶಕರಾಗಲಿ ಎಂದೂ ಸಂಶಯ ಪಡಲಿಲ್ಲ. ಕೆ.ಆರ್. ಪುರದಿಂದ ಹಲಸೂರಿನವರೆಗೆ ಬೆಳಗಾದರೆ ಎಷ್ಟು ಗುಡಿಗಳ ಮೈಕಿನಲ್ಲಿ ಅದೇ. ಹೋದ ವರ್ಷ ಮೇಡಂ ತೀರಿಕೊಂಡಾಗ ಪತ್ರಿಕೆಗಳು ಮೊದಲು ಹೆಸರಿಸಿದ್ದೂ ಅದನ್ನೇ. ಈಗ ಕಲ್ಲಿನಲ್ಲಿ ಕೆತ್ತುವ ಮಾತು. ಕ್ಯಾಸೆಟ್ಟಾದರೆ ಸವೆದು ಹೋಗುತ್ತದೆ, ಗ್ರಾನೈಟು ಹೋಗುವುದಿಲ್ಲ. ಇನ್ನು ಸುಳ್ಳನ್ನು ಕಲ್ಲಿಗೆ ಹತ್ತಿಸುವ ಧೈರ್ಯ ಪ್ರೇಮ್‌ಕುಮಾರರಿಗಿರಲಿಲ್ಲ. ಪಟಾಲಮ್ಮನಿಗೆ ಎಪ್ಪತ್ತೇಳು. ಅವರ ಕಿವಿಗೆ ಮೊದಲು ಹಾಕಬೇಕು. ಬೈದರೆ ಬೈಯಲಿ, ಶಾಪ ಹಾಕಿದರೆ ಹಾಕಲಿ ಎಂದು ಹನ್ನೊಂದನೆಯ ದಿನ ಮೆಟ್ರೋ ಹತ್ತಿದರು. ಬೆನ್ನಿಗಾನಹಳ್ಳಿಯಲ್ಲಿ ಇಳಿದು ಆಟೋ ಹಿಡಿದು ರಾಮಮೂರ್ತಿ ನಗರ ಮುಟ್ಟುವ ಹೊತ್ತಿಗೆ ಅಂಗಿಯ ಬೆನ್ನು ಪೂರ್ತಿ ಒದ್ದೆಯಾಗಿತ್ತು.

ಬಾಗಿಲು ತೆಗೆದದ್ದು ಪಟಾಲಮ್ಮನ ಮೊಮ್ಮಗಳು ನಿಖಿತಾ; ಇಂದಿರಾನಗರದ ಯಾವುದೋ ಆಫೀಸಿನಲ್ಲಿ ಕೆಲಸ, ಅವತ್ತು ರಜೆ. ಒಳಗೆ ಪಟಾಲಮ್ಮ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕಾಲು ಮಡಚಿ ಕೂತಿದ್ದರು.

"ಬಾರಪ್ಪಾ ಪ್ರೇಮು! ಏನ್ ಇಂಗ್ ಸೊರಗೋಗಿದ್ದೀಯ. ವೋಳಿಗೆ ಕಳ್ಸಿದ್ದು ಬಂತಾ ಉಗಾದೀಗೆ?"

"ಬಂತಕ್ಕ. ಪ್ರತಿ ವರ್ಷ ನೀವು ಕಳಿಸ್ತೀರಿ, ನಾನು ತಿಂದ್ಕೊಂಡು ಸುಮ್ನಿರ್ತೀನಿ."

ಪ್ರೇಮ್‌ಕುಮಾರ್ ಕೂತರು. ದಾರಿಯುದ್ದಕ್ಕೂ ಕಟ್ಟಿಕೊಂಡಿದ್ದ ಮಾತನ್ನು ನೇರ ಆಡಲಿಲ್ಲ. ಸೂರ್ಯನ ಕಟ್ಟಡ, ಕಲ್ಲು, ಚರಿತ್ರೆ ಎಂದು ಸುತ್ತಿ ಬಳಸಿ ಹೇಳಿದರು. "ಅದರಲ್ಲಿ ಒಂದು ಹಾಡಿನ ವಿಷ್ಯ ಇದೆ ಅಕ್ಕ. ತೊಂಬತ್ತೆರಡರದ್ದು..."

"ನಾನ್ ಆಡಿದ್ದಲ್ವಾ?" ಎಂದರು ಪಟಾಲಮ್ಮ.

ನಿಖಿತಾ ಟೀ ಲೋಟ ಇಡಲು ಬಗ್ಗಿದವಳು ಹಾಗೇ ನಿಂತಳು. ತನ್ನ ದನಿ ತನಗೇ ಗುರುತು ಸಿಗುವುದಿಲ್ಲ ಎನ್ನುವುದು ಪ್ರೇಮ್‌ಕುಮಾರರ ಕಸುಬಿನಲ್ಲಿ ಎಲ್ಲರಿಗೂ ಗೊತ್ತಿರುವ ವಿಚಾರ. ದೊಡ್ಡ ದೊಡ್ಡವರೂ ಮೊದಲ ಸಲ ಟೇಪಿನಲ್ಲಿ ಕೇಳಿ, ಇದು ನಾನಲ್ಲ ಅಂದದ್ದುಂಟು. ಅದೊಂದೇ ಧೈರ್ಯದ ಮೇಲೆ ಅವರು ಮೂವತ್ತೆರಡು ವರ್ಷ ಕಳೆದಿದ್ದರು.

"ನಿಮ್ಗೆ ಹೆಂಗೆ ಗೊತ್ತಾಯ್ತು?"

"ಬಳೆ ಕಣಪ್ಪಾ. ಎರಡ್ನೇ ಸರಣ ಮುಗಿಯಾಗ ಕೈ ವಸಿ ಆಡಿಸ್ಬುಟ್ಟಿದ್ದೆ. ಬಟ್ಟೆ ಸುತ್ತಿದ್ರೂನೂ ಒಂದ್ ಸಲ ಕಿಣ್ ಅಂತು. ಆವತ್ತೇ ಗ್ಯಾನ ಇತ್ತು ನಂಗೆ. ಊರ ಗುಡಿ ಮೈಕಾಗೆ ಮೊದಲ್ನೇ ದಿನ ಹಾಕ್ದಾಗ ಆ ಕಿಣ್ ಕೇಳುಸ್ತು."

ಆ ಸದ್ದನ್ನು ಪ್ರೇಮ್‌ಕುಮಾರ್ ತಾಳದ್ದೆಂದುಕೊಂಡು ಹಾಗೇ ಬಿಟ್ಟಿದ್ದರು. ಆ ಊರ ಗುಡಿಯ ಮೆಟ್ಟಿಲನ್ನು ಪಟಾಲಮ್ಮನ ಕೇರಿಯವರು ಆಗ ಹತ್ತುತ್ತಿರಲಿಲ್ಲ. ಹತ್ತಬಾರದೆಂದು ಯಾರೂ ಬೋರ್ಡು ಹಾಕಿರಲಿಲ್ಲ, ಹಾಕುವ ಅಗತ್ಯವೂ ಇರಲಿಲ್ಲ.

"ನಾನು ಆಚೆ ರಸ್ತೇಲ್ ನಿಂತಿದ್ದೆ, ಹಾಲಿನ್ ಚೊಂಬು ಇಡ್ಕೊಂಡು. ನಾನ್ ಈಚೆ, ನನ್ ದನಿ ಒಳಗೆ. ಪೂಜಾರಪ್ಪ ಅದ್ಕೇ ಮಂಗಳಾರ್ತಿ ಎತ್ತವ್ನೆ. ಮನೇಗ್ ಬಂದು ನಮ್ ಯಜಮಾನ್ರಿಗ್ ಯೋಳ್ದೆ, ನಮ್ ಪ್ರೇಮು ದೊಡ್ ಮನಸ್ ಮಾಡವ್ನೆ, ಕೆಲ್ಸ ಹೋದ್ರೂ ಹೋಗ್ಲಿ ಅಂತ ನಮ್ಮೋಳು ಅಂದ್ಕೊಂಡು ನನ್ ದನೀನೇ ಮಡಗವ್ನೆ ಅಂತ. ಯಾರ್ಗೂ ಬಾಯ್ ಬಿಡ್ಬ್ಯಾಡ, ಆ ಉಡುಗನ್ ಅನ್ನಕ್ ಕಲ್ ಬೀಳ್ತದೆ ಅಂದ್ರು ಅವ್ರು. ಬಿಡ್ಲಿಲ್ಲ. ವೋಳಿಗೆ ಇನ್ಯಾಕ್ ಕಳಸ್ತಿದ್ದೆ ಅಂದ್ಕೊಂಡೆ?"

ಪ್ರೇಮ್‌ಕುಮಾರ್ ನೆಲ ನೋಡಿದರು. ಮೂವತ್ತೆರಡು ಯುಗಾದಿಯ ಹೋಳಿಗೆ ಹೊಟ್ಟೆಯಲ್ಲಿ ಒಟ್ಟಿಗೆ ಭಾರವಾದಂತಾಯಿತು.

"ತಾತ, ರಿಯಲಿ?" ಎಂದಳು ನಿಖಿತಾ. ಅವಳ ಕಣ್ಣು ತುಂಬಿತ್ತು. "ಅಷ್ಟ್ ರಿಸ್ಕ್ ತಗೊಂಡ್ರಾ? ಅಜ್ಜಿ ನಂಗೂ ಹೇಳಿಲ್ಲ ನೋಡಿ. ಇದನ್ನ ಬರೀಲೇಬೇಕು ನೀವು. ಕಲ್ಲಲ್ಲಿ ನಿಮ್ ಹೆಸ್ರೂ ಬರ್ಬೇಕು."

ಹೂಂ ಎಂದುಬಿಟ್ಟಿದ್ದರೆ ಸಾಕಿತ್ತು. ಹೂಂ ಎನ್ನಲು ಪ್ರೇಮ್‌ಕುಮಾರರಿಗೆ ಮನಸ್ಸಾಗಲಿಲ್ಲ ಎಂದರೆ ಸುಳ್ಳು, ಬಾಯಿಯವರೆಗೂ ಬಂದಿತ್ತು. ಪಟಾಲಮ್ಮನಿಗೂ ಸಂತೋಷ, ಹುಡುಗಿಗೂ ಸಂತೋಷ, ತಮಗೂ ಮರ್ಯಾದೆ. ಆದರೆ ಒಂದು ಸುಳ್ಳನ್ನು ತೆಗೆಯಲು ಬಂದವರು ಇನ್ನೊಂದನ್ನು ಕೂರಿಸಿ ಎದ್ದು ಹೋಗುವುದೇ? ಆ ಮುಖಕ್ಕೆ ಮುಖ ಕೊಟ್ಟು ಟೀ ಕುಡಿಯುವುದಾದರೂ ಹೇಗೆ? ಲೋಟವನ್ನು ಕೆಳಗಿಟ್ಟರು.

"ಇಲ್ಲ ಅಕ್ಕ. ಬೇಕು ಅಂತ ಮಾಡಿದ್ದಲ್ಲ. ತಪ್ಪಾಗಿ ಆಗಿದ್ದು."

"ತಪ್ಪಾಗಿ?"

"ಹೌದು. ಮೇಡಂ ದನಿ ಅಂದ್ಕೊಂಡು ನಿಮ್ಮದನ್ನ ಕಳಿಸ್ಬಿಟ್ಟೆ. ಆಮೇಲೆ ಗೊತ್ತಾಯ್ತು. ಗೊತ್ತಾದ್ಮೇಲೂ ಯಾರಿಗೂ ಹೇಳ್ಲಿಲ್ಲ. ಹೆದರ್ಕೊಂಡೆ. ದೊಡ್ಡ ಮನಸ್ಸು ಗಿನಸ್ಸು ಏನೂ ಇಲ್ಲ ಅಕ್ಕ."

ಪಟಾಲಮ್ಮ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿದರು, ಬಿಚ್ಚಿದರು. ಹೊರಗೆ ಸೊಪ್ಪಿನವನ ಗಾಡಿ ಕೂಗುತ್ತ ಹೋಯಿತು.

"ಓಗ್ಲಿ ಬುಡು," ಎಂದರು ಕೊನೆಗೆ. "ಎಸ್ರು ಯಾರ್ಗ್ ಬೇಕಾಗಿತ್ತು. ಒಬ್ರಿಗಾದ್ರೂ ನನ್ ಆಡು ಚೆಂದಾಗೈತೆ ಅನ್ನಿಸ್ತಲ್ಲ ಅಂತ ಒಂದ್ ಇದಿತ್ತು ಮನಸ್ನಾಗೆ. ಅದೂ ಇಲ್ಲ ಅಂದಂಗಾತು."

ಶಾಪ ಹಾಕಿದ್ದರೂ ಇಷ್ಟು ನೋಯುತ್ತಿರಲಿಲ್ಲ. ಇದ್ದ ಒಂದನ್ನೂ ಪ್ರೇಮ್‌ಕುಮಾರ್ ತಾವೇ ಕೈಯಾರೆ ಕಿತ್ತುಕೊಂಡಿದ್ದರು. ನಡೆದದ್ದನ್ನು ನಡೆದ ಹಾಗೆ ಹೇಳುವುದೊಂದೇ ಉಳಿದಿತ್ತು.

"ಹೆಂಗ್ ತಪ್ಪಾಯ್ತು ಅಂತಾದ್ರೂ ಕೇಳಿ ಅಕ್ಕ. ಹಾಳೆ ಮೇಲೆ ನಿಮ್ಮ ಅವರೆಬೇಳೆ ಸಾರು ಚೆಲ್ಬಿಟ್ಟೆ. ಬರ್ದಿದ್ದೆಲ್ಲ ಅಳಿಸ್ಹೋಯ್ತು. ಟೇಪಲ್ಲಿ ಎರಡು ದನಿ ಇತ್ತು, ಯಾವ್ದು ಯಾರ್ದು ಗೊತ್ತಾಗ್ಲಿಲ್ಲ. ಒಂದಾದ್ಮೇಲೆ ಒಂದು ಹಾಕ್ಕೊಂಡು ಬೆಳಗ್ಗೆಯಿಂದ ಮಧ್ಯಾಹ್ನದವರ್ಗೂ ಕೇಳ್ದೆ. ಒಂದು ಸುಮಾರಾಗಿತ್ತು. ಶ್ರುತಿ ತಾಳ ಎಲ್ಲ ಸರಿ, ಆದ್ರೆ ಸುಮಾರು. ಇನ್ನೊಂದು ಇತ್ತಲ್ಲ, ಅದು ಬೇರೇನೇ ಅಕ್ಕ. ನಾನ್ ಕೆಲ್ಸ ಬಿಟ್ಟು ಕಣ್ ಮುಚ್ಕೊಂಡ್ ಕೂತ್ಬಿಟ್ಟಿದ್ದೆ. ಇಷ್ಟು ಚೆನ್ನಾಗಿರೋದು ಅಂದ್ಮೇಲೆ ಇದು ಮೇಡಂದೇ ಇರ್ಬೇಕು ಅಂದ್ಕೊಂಡೆ. ಅದನ್ನೇ ಇಟ್ಕೊಂಡೆ."

ಹೇಳುತ್ತ ಹೇಳುತ್ತ ಅವರ ಮಾತು ಅವರ ಕಿವಿಗೇ ಬಿತ್ತು. ಇಷ್ಟು ವರ್ಷ ಇದನ್ನು ತಮ್ಮ ಮಾನ ಹೋದ ಕಥೆಯೆಂದು ಮುಚ್ಚಿಟ್ಟುಕೊಂಡಿದ್ದರು. ಅದರೊಳಗೆ ಪಟಾಲಮ್ಮನಿಗೆ ಸೇರಬೇಕಾದದ್ದು ಏನಿದೆ ಎಂದು ಒಂದು ದಿನವೂ ಬಿಚ್ಚಿ ನೋಡಿರಲಿಲ್ಲ.

ಪಟಾಲಮ್ಮ ಮುಂದಕ್ಕೆ ಬಾಗಿದರು. "ಆ ಸುಮಾರಾಗಿತ್ತು ಅಂದ್ಯಲ್ಲ, ಅದು?"

"ಮೇಡಂದು."

"ಅದನ್ನ ಏ‌ನ್ ಮಾಡ್ದೆ?"

"ಅಳಿಸ್ಬಿಟ್ಟೆ."

ಪಟಾಲಮ್ಮ ಕುರ್ಚಿಗೆ ಒರಗಿ ಎರಡೂ ಕೈಯಿಂದ ಮುಖ ಒರೆಸಿಕೊಂಡರು. ನಗುತ್ತಿದ್ದರೋ ಅಳುತ್ತಿದ್ದರೋ, ಎರಡೂ ಇತ್ತು.

"ಹನ್ನೆರಡನೇ ಪುಟದಲ್ಲಿ ಇದನ್ನೇ ಬರೀತೀನಿ ಅಕ್ಕ. ಸೂರ್ಯ ಕೆತ್ತಿಸಿದ್ರೆ ಕೆತ್ತಿಸ್ಲಿ, ಇಲ್ದಿದ್ರೆ ನನ್ ಹನ್ನೊಂದು ಪುಟಾನೂ ಕೊಡಲ್ಲ."

"ಬರ್ಕೋ. ನಂಗ್ ಓದಕ್ ಎಲ್ ಬತ್ತದೆ?" ಎಂದ ಪಟಾಲಮ್ಮ ಮೊಮ್ಮಗಳ ಕಡೆ ತಿರುಗಿದರು. "ಅವ್ವಾ, ಆ ನಿನ್ ಫೋನಾಗೆ ಇದನ್ನ ಇಡ್ಕೋ. ನಂಗ್ ಬೇಕಾದಾಗ ಕೇಳ್ಕೊಬೇಕು. ಪ್ರೇಮು, ಇನ್ನೊಂದ್ ಸಲ ಯೋಳಪ್ಪಾ. ಅವಸ್ರ ಬ್ಯಾಡ. ಯಾವ್ದು ಸುಮಾರಾಗಿತ್ತು ಅನ್ನಾದ್ನೂ ಬುಡ್ಬ್ಯಾಡ."

ನಿಖಿತಾ ಎದ್ದು ಫ್ಯಾನು ನಿಲ್ಲಿಸಿ, ಬಾಗಿಲು ಹಾಕಿ ಬಂದು, ಫೋನನ್ನು ಅವರ ಮುಂದೆ ಹಿಡಿದಳು. ಪ್ರೇಮ್‌ಕುಮಾರ್ ಸರಿಯಾಗಿ ಕೂತುಕೊಂಡು ಮೊದಲಿನಿಂದ ಹೇಳತೊಡಗಿದರು.